ರಾತ್ರಿಯ ಕಾಡುನಡಿಗೆ: ಕಾಸರಗೋಡಿನಿಂದ ಹೊರಡುವವರು ಯಾವುದನ್ನು ಆಯ್ದುಕೊಳ್ಳಬೇಕು?

ಮೇ ಕೊನೆಯ ಹೊತ್ತಿಗೆ ಬರುವ ತುಳುನಾಡಿನ ಪತ್ತನಾಜೆ ಕಳೆದು ಮೊದಲ ದೊಡ್ಡ ಮಳೆ ಬಿತ್ತೆಂದರೆ ನಮ್ಮ ಕಡೆಯ ವಾಟ್ಸಪ್ ಬಳಗಗಳಲ್ಲಿ ಒಂದು ಬಗೆಯ ಕರೆಯೋಲೆ ಹರಿದಾಡತೊಡಗುತ್ತದೆ. ಒಂದೇ ಚಿತ್ರದೊಳಗೆ ಕಾಡುಪಾಪ (ಸ್ಲೆಂಡರ್ ಲೋರಿಸ್), ಕಾಳಿಂಗ ಸರ್ಪ, ಹಾರುವ ಕಪ್ಪೆ, ಹೊಳೆಯುವ ಅಣಬೆ ಎಲ್ಲವನ್ನೂ ತುಂಬಿ, ‘ಅಭಯಾರಣ್ಯದಲ್ಲಿ ರಾತ್ರಿ ನಡಿಗೆ, ನುರಿತ ಮಾರ್ಗದರ್ಶಕರು, ಊಟ ವಸತಿ ಸಹಿತ’ ಎಂದು ಕೆಳಗೆ ಬರೆದಿರುತ್ತಾರೆ. ಯಾವ ಅಭಯಾರಣ್ಯ, ಯಾರ ಅನುಮತಿ, ಎಷ್ಟು ಜನ, ಕೈಯಲ್ಲಿ ಎಂಥ ದೀಪ ಎಂಬುದು ಮಾತ್ರ ಅಲ್ಲಿ ಇರುವುದಿಲ್ಲ. ಹೋಗಲು ಮನಸ್ಸಿರುವವರಿಗೆ ಬೇಕಾದದ್ದು ಅದೇ ಆಗಿರುವುದರಿಂದ, ಕಾಸರಗೋಡಿನಿಂದ ಹೊರಡುವವರ ಮುಂದಿರುವ ದಾರಿಗಳನ್ನು ಒಂದರ ಪಕ್ಕ ಒಂದಿಟ್ಟು ನೋಡುವುದು ಈ ಬರಹದ ಉದ್ದೇಶ. ನನ್ನ ನಿಲುವನ್ನು ಮೊದಲೇ ಹೇಳಿಬಿಡುತ್ತೇನೆ: ಕಾಡಿನ ಹೆಸರು ನೋಡಿ ಆಯ್ದುಕೊಂಡವರು ಹೆಚ್ಚಾಗಿ ನಿರಾಶರಾಗುತ್ತಾರೆ, ಹೋಗುವ ತಿಂಗಳನ್ನೂ ಕರೆದೊಯ್ಯುವವನ ಕೈದೀಪವನ್ನೂ ನೋಡಿ ಆಯ್ದುಕೊಂಡವರು ಏನನ್ನಾದರೂ ಕಂಡೇ ಬರುತ್ತಾರೆ.

ಅಭಯಾರಣ್ಯ ಎಂಬ ಮಾತಿನ ತೂಕ

ಕಾಸರಗೋಡು ಜಿಲ್ಲೆಯೊಳಗೆ ಕಾನೂನಿನ ಅರ್ಥದ ವನ್ಯಜೀವಿ ಅಭಯಾರಣ್ಯವಿಲ್ಲ. ನಮಗೆ ಹತ್ತಿರವಿರುವವು ಕಣ್ಣೂರು ಜಿಲ್ಲೆಯ ಆರಳಂ, ಕೊಡಗಿನ ತಲಕಾವೇರಿ ಮತ್ತು ಪುಷ್ಪಗಿರಿ. ಪನತ್ತಡಿ ಕಡೆಯ ರಾಣಿಪುರವನ್ನು ಎಷ್ಟೋ ಜನ ಅಭಯಾರಣ್ಯವೆಂದೇ ಕರೆಯುತ್ತಾರೆ. ಅಲ್ಲಿಯ ಕಾಡು ತಲಕಾವೇರಿ ಅಭಯಾರಣ್ಯಕ್ಕೆ ತಾಗಿಕೊಂಡಿರುವುದು ನಿಜವಾದರೂ ಅದು ಅರಣ್ಯ ಇಲಾಖೆಯ ಮೀಸಲು ಕಾಡು, ಮತ್ತು ಗುಡ್ಡದ ತುದಿಯ ಚಾರಣ ಹಗಲು ಹೊತ್ತಿನದು. 1972ರ ವನ್ಯಜೀವಿ ಸಂರಕ್ಷಣಾ ಕಾಯಿದೆಯ 27ನೆಯ ಸೆಕ್ಷನ್ ಅಭಯಾರಣ್ಯದೊಳಗೆ ಯಾರು ಹೋಗಬಹುದೆಂಬುದನ್ನು ಕಟ್ಟುನಿಟ್ಟು ಮಾಡುತ್ತದೆ; 28ನೆಯದು ಅಧ್ಯಯನ, ಛಾಯಾಗ್ರಹಣ, ಪ್ರವಾಸ ಮೊದಲಾದ ಕಾರಣಗಳಿಗೆ ಅನುಮತಿ ಕೊಡುವ ಅಧಿಕಾರವನ್ನು ಇಲಾಖೆಗೆ ನೀಡುತ್ತದೆ. ಆದ್ದರಿಂದ ಖಾಸಗಿಯವರೊಬ್ಬರು ‘ಅಭಯಾರಣ್ಯದೊಳಗೆ ರಾತ್ರಿ ಕರೆದೊಯ್ಯುತ್ತೇವೆ’ ಎಂದರೆ ಎರಡೇ ಸಾಧ್ಯತೆಗಳಿವೆ. ಒಂದೋ ಅವರು ಕಾಡಿನ ಪಕ್ಕದ ಎಸ್ಟೇಟಿನ ದಾರಿಯಲ್ಲಿ ನಡೆಸಿ ಅದನ್ನೇ ಅಭಯಾರಣ್ಯವೆನ್ನುತ್ತಿದ್ದಾರೆ, ಇಲ್ಲವೇ ನಿಮ್ಮನ್ನೂ ಜೊತೆಗೆ ಸೇರಿಸಿಕೊಂಡು ಕಾನೂನು ಮುರಿಯುತ್ತಿದ್ದಾರೆ. ಮೊದಲನೆಯದರಲ್ಲಿ ತಪ್ಪೇನಿಲ್ಲ, ಹಾಗೆಂದು ಮೊದಲೇ ಹೇಳಿದರೆ ಸಾಕು. ಎಸ್ಟೇಟಿನ ಅಂಚಿನಲ್ಲಿ ಕಾಣುವ ಜೀವಿಗಳು ಒಳಗಾಡಿಗಿಂತ ಕಡಿಮೆಯೇನೂ ಇರುವುದಿಲ್ಲ.

ಹೊರದೇಶದಲ್ಲಿರುವ ನೆಂಟರು ಅಲ್ಲಿಯ ರಾತ್ರಿ ನಡಿಗೆಯ ಚಿತ್ರ ಕಳಿಸಿದಾಗ ‘ಅಲ್ಲಿ ಆಗುವುದು ಇಲ್ಲಿ ಏಕಾಗದು’ ಎಂಬ ಪ್ರಶ್ನೆ ಏಳುವುದು ಸಹಜ. ನ್ಯೂಜಿಲೆಂಡಿನ ವೆಲಿಂಗ್ಟನ್ ನಗರದೊಳಗೇ ಇರುವ ಜೀಲ್ಯಾಂಡಿಯಾ ಎಂಬ ಅಭಯಾರಣ್ಯವನ್ನು ನೋಡಿ. 225 ಹೆಕ್ಟೇರು ಕಣಿವೆಯ ಸುತ್ತ 8.6 ಕಿಲೋಮೀಟರ್ ಉದ್ದದ ಬೇಲಿಯನ್ನು 1999ರಲ್ಲಿ ಕಟ್ಟಿ ಮುಗಿಸಿ, ಹೊರಗಿನಿಂದ ಬಂದ ಇಲಿ, ಬೆಕ್ಕು, ಮುಂಗುಸಿಯನ್ನು ಹೋಲುವ ಸ್ಟೋಟ್ ಮೊದಲಾದ ಬೇಟೆಗಾರ ಪ್ರಾಣಿಗಳನ್ನು ಆಚೆಗಿಟ್ಟರು. ಕತ್ತಲಾದ ಮೇಲೆ ಸಣ್ಣ ಗುಂಪುಗಳನ್ನು ಕೆಂಪು ದೀಪದಲ್ಲಿ ಕರೆದೊಯ್ದು ಕಿವಿ ಹಕ್ಕಿಯನ್ನು ತೋರಿಸುತ್ತಾರೆ. ಆ ನಾಡಿನ ಮೂಲನಿವಾಸಿ ನೆಲಸಸ್ತನಿಗಳೆಂದರೆ ಬಾವಲಿಗಳು ಮಾತ್ರ; ನಡೆಯುವವನಿಗೆ ಅಪಾಯ ಮಾಡುವ ಪ್ರಾಣಿ ಅಲ್ಲಿಲ್ಲ. ನಮ್ಮ ಕಾಡಿನ ಲೆಕ್ಕವೇ ಬೇರೆ. ದೇಲಂಪಾಡಿ, ಕಾರಡ್ಕ, ಮುಳಿಯಾರು ಕಡೆಗಳಲ್ಲಿ ರಾತ್ರಿ ಆನೆ ತೋಟಕ್ಕಿಳಿಯುವುದು, ಚಿರತೆ ಅಂಗಳಕ್ಕೆ ಬರುವುದು ಸುದ್ದಿಯಾಗಿ ಉಳಿದಿಲ್ಲ, ಋತುಮಾನದಂತೆ ಆಗಿಬಿಟ್ಟಿದೆ. ಕತ್ತಲಲ್ಲಿ ಆನೆಯನ್ನು ಹತ್ತು ಮಾರು ದೂರದಲ್ಲಿಯೂ ಗುರುತಿಸಲಾಗದು ಎಂಬುದು ಆ ಊರಿನವರೆಲ್ಲರಿಗೂ ಗೊತ್ತು. ಹೀಗಾಗಿ ಆ ಪಂಚಾಯತುಗಳ ಕಾಡಂಚಿನಲ್ಲಿ ಯಾರೇ ರಾತ್ರಿ ನಡಿಗೆಗೆ ಕರೆದರೂ ಬೇಡವೆಂದುಬಿಡುವುದು ಲೇಸು. ಇದರಲ್ಲಿ ಹೋಲಿಕೆಗೆ ಅವಕಾಶವೇ ಇಲ್ಲ.

ಕೇರಳದಲ್ಲಿ ಇಲಾಖೆಯೇ ನಡೆಸುತ್ತಿದ್ದ ರಾತ್ರಿ ನಡಿಗೆಗೆ ಹೆಸರಾದದ್ದು ತೇಕ್ಕಡಿಯ ಪೆರಿಯಾರ್ ಹುಲಿ ಸಂರಕ್ಷಿತ ಪ್ರದೇಶ. ಸಂಜೆ ಏಳರಿಂದ ಬೆಳಗಿನ ಜಾವ ನಾಲ್ಕರವರೆಗೆ ಮೂರು ಮೂರು ಗಂಟೆಯ ಮೂರು ಸರದಿಗಳಲ್ಲಿ, ಕಾವಲು ತಿರುಗುವವರ ಜೊತೆಗೆ ಕೆಲವೇ ಮಂದಿಯನ್ನು ಕಾಡಿನ ಅಂಚಿನಲ್ಲಿ ನಡೆಸುವ ಏರ್ಪಾಡು ಅದು. ಆದರೆ ಹುಲಿ ಸಂರಕ್ಷಿತ ಪ್ರದೇಶಗಳಲ್ಲಿ ರಾತ್ರಿಯ ಪ್ರವಾಸೋದ್ಯಮ ನಿಲ್ಲಬೇಕೆಂದು ಸುಪ್ರೀಂ ಕೋರ್ಟ್ 2025ರ ನವೆಂಬರಿನಲ್ಲಿ ಹೇಳಿದ ಮೇಲೆ, ಹಳೆಯ ಪ್ರವಾಸ ಅನುಭವಗಳನ್ನು ಓದಿ ಹೊರಡುವುದು ಜಾಣತನವಲ್ಲ. ಹೊರಡುವ ಮೊದಲು ಅಲ್ಲಿಯ ಟಿಕೆಟ್ ಕಚೇರಿಯಲ್ಲೇ ವಿಚಾರಿಸಬೇಕು. ಅಷ್ಟಕ್ಕೂ ರಾತ್ರಿಯಿಡೀ ರೈಲಿನಲ್ಲಿ ದಕ್ಷಿಣಕ್ಕೆ ಹೋಗಿ, ಅಲ್ಲಿಂದ ಘಟ್ಟ ಹತ್ತಿ, ಮೂರು ಗಂಟೆ ಕಾಲ ನಡೆದು ಒಂದು ಕಡವೆಯ ಕಣ್ಣಿನ ಹೊಳಪನ್ನು ಕಂಡು ಬರುವುದು ಎಲ್ಲರಿಗೂ ಒಗ್ಗುವ ಪ್ರಯಾಣವಲ್ಲ.

ಮನೆಯ ಹತ್ತಿರದ ಪದವು ಮತ್ತು ತೋಟ

ಮೊದಲ ಸಲ ಹೋಗುವವರಿಗೆ ನಾನು ಹೇಳುವುದು ಪದವುಗಳಿಗೆ, ಎಂದರೆ ಮುರಕಲ್ಲಿನ ಬಯಲುಗಳಿಗೆ ಹೋಗಿ ಎಂದೇ. ಬಾಯಾರು, ಪೈವಳಿಕೆ, ಎಣ್ಮಕಜೆ, ಬದಿಯಡ್ಕ ಕಡೆಗಳ ಈ ಬಯಲುಗಳು ಬೇಸಗೆಯಲ್ಲಿ ಸುಟ್ಟ ಹೆಂಚಿನಂತಿರುತ್ತವೆ. ಮಳೆ ಹಿಡಿದ ಒಂದು ವಾರದೊಳಗೆ ಅಲ್ಲಿಯ ಹೊಂಡಗಳಲ್ಲಿ ನೀರು ನಿಂತು, ವರ್ಷವಿಡೀ ನೆಲದಡಿ ಅಡಗಿದ್ದ ಕಪ್ಪೆಗಳೆಲ್ಲ ಮೇಲೆ ಬಂದು ಕೂಗತೊಡಗುತ್ತವೆ. ಗದ್ದೆಯ ಗೂಳಿಗಪ್ಪೆಯ ಗಂಡು ಆ ಕೆಲವು ದಿನಗಳಲ್ಲಿ ಅರಸಿನ ಬಳಿದುಕೊಂಡಂತೆ ಹಳದಿಯಾಗಿ, ಗಂಟಲಿನ ಎರಡೂ ಬದಿ ನೀಲಿ ಚೀಲ ಉಬ್ಬಿಸಿ ಕೂಗುವುದನ್ನು ಒಮ್ಮೆ ಕಂಡವರು ಮರೆಯುವುದಿಲ್ಲ. ಇವುಗಳ ಕಾಲನ್ನು ಹೊರದೇಶಕ್ಕೆ ಮಾರುವ ವ್ಯಾಪಾರವನ್ನು ಸರಕಾರ 1987ರಲ್ಲಿ ನಿಲ್ಲಿಸದೆ ಹೋಗಿದ್ದರೆ ಇಂದು ಈ ಮಾತನ್ನು ಬರೆಯಲು ಎಷ್ಟು ಕಪ್ಪೆ ಉಳಿದಿರುತ್ತಿದ್ದವೋ. ಮದಕದ (ಮಳೆನೀರು ನಿಲ್ಲುವ ಕೆರೆಯ) ಬದಿಯ ಪೊದೆಯಲ್ಲಿ ಕೂಗುವ ಕೆಂಪುಬೆನ್ನಿನ ಕಪ್ಪೆಯೊಂದಿದೆ. ಮಲಯಾಳದಲ್ಲಿ ಅದಕ್ಕೆ ಮಣವಾಟ್ಟಿ ತವಳ, ಎಂದರೆ ಮದುಮಗಳು ಕಪ್ಪೆ ಎಂದು ಹೆಸರು. ಮೈಯ ಬಣ್ಣಗಳ ನಡುವಿನ ಗೆರೆಯನ್ನು ನೋಡಿದರೆ ಆ ಹೆಸರು ತಾನಾಗಿಯೇ ಅರ್ಥವಾಗುತ್ತದೆ.

ಪದವಿನ ಮುಖ್ಯ ಅನುಕೂಲವೆಂದರೆ ಕಣ್ಣು ಹರಿಯುವಷ್ಟು ದೂರ ಬಯಲಿರುವುದು. ಕಾಲಿಡುವ ಜಾಗ ಕಾಣುತ್ತದೆ, ಗುಂಪಿನಲ್ಲಿ ಯಾರೂ ತಪ್ಪಿಹೋಗುವುದಿಲ್ಲ, ಮಳೆ ಜೋರಾದರೆ ಅರ್ಧ ಗಂಟೆಯಲ್ಲಿ ವಾಹನ ಸೇರಬಹುದು. ಕಲ್ಲಿನ ಮೇಲೆಯೇ ಕೂತು ‘ಚಕ್ ಚಕ್’ ಎನ್ನುವ ನತ್ತಿಂಗ ಹಕ್ಕಿ, ನಡುರಾತ್ರಿಯಲ್ಲೂ ಬೈಯುವುದನ್ನು ಬಿಡದ ಟಿಟ್ಟಿಭ, ಬಿಲದ ಬಾಯಲ್ಲಿ ಕಾದಿರುವ ದೊಡ್ಡ ಜೇಡ, ನೇರಳಾತೀತ ದೀಪ ಬಿಟ್ಟರೆ ಹಸಿರಾಗಿ ಹೊಳೆಯುವ ಚೇಳು, ಇವು ಇಲ್ಲಿಯ ಸಾಮಾನ್ಯ ನೋಟಗಳು. ದೊಡ್ಡ ಪ್ರಾಣಿ ಬೇಕೆಂದು ಬಂದವರಿಗೆ ಇದು ಸಪ್ಪೆಯಾಗಬಹುದು. ಮುಳ್ಳುಹಂದಿ, ಕಬ್ಬೆಕ್ಕು ಕಂಡರೆ ಅದೃಷ್ಟವೆಂದುಕೊಳ್ಳಬೇಕು.

ಅಡಕೆ ತೋಟದ ನಡಿಗೆ ಇದಕ್ಕೆ ಹೊಂದಿಕೊಂಡ ಇನ್ನೊಂದು ಆಯ್ಕೆ. ತೋಡು, ಅದಕ್ಕೆ ಅಡ್ಡ ಹಾಕಿದ ಕಟ್ಟ, ಮದಕ, ಗುಡ್ಡೆಯ ಬುಡದಲ್ಲಿ ನೀರಿಗಾಗಿ ಕೊರೆದ ಸುರಂಗ, ಇಷ್ಟೂ ಒಂದೇ ತೋಟದ ಗಡಿಯೊಳಗೆ ಸಿಗುವುದು ನಮ್ಮ ಸೀಮೆಯ ವಿಶೇಷ. ಮಲಬಾರಿನ ಹಾರುವ ಕಪ್ಪೆ ನೀರಿನ ಮೇಲೆ ಬಾಗಿದ ಎಲೆಗಳನ್ನು ಸೇರಿಸಿ ಬಿಳಿ ನೊರೆಯ ಗೂಡು ಕಟ್ಟುತ್ತದೆ. ಮೊಟ್ಟೆಯೊಡೆದು ಹೊರಬಂದ ಗೊದಮೊಟ್ಟೆಗಳು ನೇರವಾಗಿ ಕೆಳಗಿನ ನೀರಿಗೆ ಬೀಳಬೇಕು ಎಂಬುದು ಅದರ ಲೆಕ್ಕಾಚಾರ. ಜೂನ್ ನಡುವಿನಿಂದ ಜುಲೈ ಕೊನೆಯವರೆಗೆ ನೀರು ನಿಲ್ಲುವ ತೋಟಗಳಲ್ಲಿ ಅದನ್ನು ಹುಡುಕಬಹುದು. ಸುರಂಗದ ಒಳಗೆ ಬಾವಲಿಗಳಿದ್ದರೆ ಬಾಯಿಯಲ್ಲಿ ನಿಂತು ಅವು ಹೊರಹೋಗುವುದನ್ನು ನೋಡಬೇಕೇ ಹೊರತು ಒಳನುಗ್ಗಬಾರದು. ತೋಟದ ನಡಿಗೆಗೆ ಅರಣ್ಯ ಇಲಾಖೆಯ ಅನುಮತಿ ಬೇಕಿಲ್ಲ, ತೋಟದ ಯಜಮಾನರ ಒಪ್ಪಿಗೆ ಬೇಕು. ಬನದ ಪಕ್ಕ ಹಾದುಹೋಗುವುದಾದರೆ ಆ ಮನೆತನದ ಹಿರಿಯರನ್ನೂ ಕೇಳಬೇಕು. ನಾಗಬನದ ಒಳಗೆ ಟಾರ್ಚು ಹಿಡಿದು ಹೋಗುವ ಮಾರ್ಗದರ್ಶಕ ಎಷ್ಟೇ ಜೀವಶಾಸ್ತ್ರ ಓದಿರಲಿ, ಊರಿನ ಮರ್ಯಾದೆ ಅರಿಯದವನೆಂದೇ ನನ್ನ ಲೆಕ್ಕ.

ಇನ್ನೊಂದು ಮಾತು ಸೇರಿಸಬೇಕು. 1970ರ ದಶಕದ ಕೊನೆಯಿಂದ 2000ದವರೆಗೆ ಇಲ್ಲಿಯ ಗೇರುತೋಟಗಳ ಮೇಲೆ ಹೆಲಿಕಾಪ್ಟರಿನಿಂದ ಎಂಡೋಸಲ್ಫಾನ್ ಸಿಂಪಡಿಸಿದ ಕಾಲದಲ್ಲಿ ತೋಡುಗಳಲ್ಲಿ ಕಪ್ಪೆ, ಮೀನು ಸತ್ತು ತೇಲಿದ್ದನ್ನು ಕಂಡವರು ಎಣ್ಮಕಜೆಯಲ್ಲಿ ಇನ್ನೂ ಇದ್ದಾರೆ. ಅದೇ ತೋಡಿನ ಬದಿಯಲ್ಲಿ ಈಗ ಕಿವಿ ಗಡಚಿಕ್ಕುವಂತೆ ಕಪ್ಪೆ ಕೂಗುವುದನ್ನು ಅಂಥ ಹಿರಿಯರ ಜೊತೆ ನಿಂತು ಕೇಳಿದರೆ, ಯಾವ ಅಭಯಾರಣ್ಯದ ಫಲಕವೂ ಹೇಳದ ಸಂಗತಿ ತಿಳಿಯುತ್ತದೆ.

ಕಾಡುಪಾಪಕ್ಕಾಗಿ ಹೋಗುವವರಿಗೆ

ಹೆಚ್ಚಿನವರು ಹಣ ಕೊಡುವುದು ಈ ಒಂದು ಜೀವಿಯನ್ನು ನೋಡುವ ಆಸೆಗೆ. ಅಂಗೈಯಲ್ಲಿ ಕೂರುವಷ್ಟು ಪುಟ್ಟ ಮೈ, ಕಡ್ಡಿಯಂಥ ಕೈಕಾಲು, ಮುಖದ ಅರ್ಧದಷ್ಟು ಕಣ್ಣು. ಬಾಲವಿಲ್ಲ, ನೆಗೆಯುವುದಿಲ್ಲ, ಕೊಂಬೆಯಿಂದ ಕೊಂಬೆಗೆ ಒಂದೊಂದೇ ಹಿಡಿತ ಬದಲಿಸುತ್ತ ಹುಳು ಹುಪ್ಪಟೆ ಹಿಡಿದು ತಿನ್ನುತ್ತದೆ. ಮಲಯಾಳದಲ್ಲಿ ಇದಕ್ಕೆ ಕುಟ್ಟಿತ್ತೇವಾಂಗ್ ಎನ್ನುತ್ತಾರೆ. ಮಲಯಾಳಿ ಮಾರ್ಗದರ್ಶಕರೊಡನೆ ಮಾತಾಡುವಾಗ ಈ ಹೆಸರು ಉಪಯೋಗಕ್ಕೆ ಬರುತ್ತದೆ. ಪಶ್ಚಿಮ ಘಟ್ಟದ ಮಳೆ ಬೀಳುವ ಬದಿಯಲ್ಲಿರುವುದು ಕೆಂಗಂದು ಬಣ್ಣದ ಮಲಬಾರ್ ತಳಿ. ಒಣನಾಡಿನ ಬೂದುಬಣ್ಣದ ತಳಿಗಾಗಿ ತಮಿಳುನಾಡು ಸರಕಾರ 2022ರ ಅಕ್ಟೋಬರಿನಲ್ಲಿ ಕರೂರು ಮತ್ತು ದಿಂಡುಗಲ್ ಜಿಲ್ಲೆಗಳ 11,806 ಹೆಕ್ಟೇರು ಕಾಡನ್ನು ಕಡವೂರು ಕಾಡುಪಾಪ ಅಭಯಾರಣ್ಯವೆಂದು ಘೋಷಿಸಿತು. ಭಾರತದಲ್ಲಿ ಈ ಪ್ರಾಣಿಯ ಹೆಸರಿನ ಮೊದಲ ಅಭಯಾರಣ್ಯ ಅದು. ಅಷ್ಟು ದೂರ ಹೋಗಬೇಕೆಂದು ಹೇಳಲು ಇದನ್ನು ಬರೆಯುತ್ತಿಲ್ಲ. ಕಣ್ಣಿನ ಔಷಧವೆಂದೂ ಮಾಟಕ್ಕೆ ಬೇಕೆಂದೂ ಕಾಡುಪಾಪವನ್ನು ಹಿಡಿದು ಕೊಲ್ಲುವ ಮೂಢನಂಬಿಕೆ ಇನ್ನೂ ಇದೆ, ಕಾಯಿದೆಯ ಒಂದನೆಯ ಪರಿಚ್ಛೇದದಲ್ಲಿ ಅದಕ್ಕೆ ಅತಿ ಹೆಚ್ಚಿನ ರಕ್ಷಣೆಯೂ ಇದೆ ಎಂಬುದನ್ನು ನೆನಪಿಸಲು ಬರೆದೆ.

ಕೆಲವು ವರ್ಷಗಳ ಹಿಂದೆ ನಾನು ಸೇರಿಕೊಂಡ ಒಂದು ನಡಿಗೆಯಲ್ಲಿ ಇಪ್ಪತ್ತಕ್ಕೂ ಹೆಚ್ಚು ಮಂದಿ ಇದ್ದೆವು. ಹಾಳುಬಿದ್ದ ಗೇರುತೋಟದ ಅಂಚಿನಲ್ಲಿ ಒಂದು ಕಾಡುಪಾಪ ಕಂಡಿತು. ಕರೆದೊಯ್ದವರು ಬೇಟೆಗಾರರು ಹಿಡಿಯುವಂಥ ಬಿಳಿ ದೀಪವನ್ನು ನೇರ ಅದರ ಕಣ್ಣಿಗೆ ಬಿಟ್ಟು, ಎಲ್ಲರೂ ಮೊಬೈಲಿನಲ್ಲಿ ಚಿತ್ರ ತೆಗೆದು ಮುಗಿಯುವವರೆಗೆ ಹಾಗೆಯೇ ಹಿಡಿದರು. ಅದು ಕೈಗಳಿಂದ ಮುಖ ಮುಚ್ಚಿಕೊಂಡು ಕೊಂಬೆಗೆ ಅಂಟಿ ಕೂತುಬಿಟ್ಟಿತು. ಇರುಳಿನಲ್ಲಿ ನೋಡುವುದಕ್ಕೆಂದೇ ಆದ ಕಣ್ಣಿಗೆ ಆ ಬೆಳಕು ಎಂಥದೆಂದು ತಿಳಿಯಬೇಕಾದರೆ, ಕತ್ತಲಲ್ಲಿ ಎದುರಿನಿಂದ ಬರುವ ಲಾರಿಯ ಹೈಬೀಮನ್ನು ನೆನೆಸಿಕೊಂಡರೆ ಸಾಕು. ಮರುದಿನ ಆ ಜಾಗದ ಗೂಗಲ್ ನಕ್ಷೆಯ ಗುರುತನ್ನೂ ಬಳಗಕ್ಕೆ ಹಾಕಿದ್ದರು. ಆ ಮೇಲೆ ನಾನು ನಡಿಗೆ ಆಯುವ ರೀತಿಯೇ ಬದಲಾಯಿತು.

ಕಾಡುಪಾಪದ ಗಣತಿ ಮಾಡುವ ಸಂಶೋಧಕರು ತಲೆದೀಪಕ್ಕೆ ಕೆಂಪು ಹಾಳೆ ಕಟ್ಟಿಕೊಂಡು ನಡೆಯುತ್ತಾರೆ. ಅದರ ಕಣ್ಣಿನ ಹಿಂಬದಿಯ ಪದರ ಬೆಳಕನ್ನು ಮರಳಿಸುವುದರಿಂದ ಮಂದವಾದ ಕೆಂಪು ಬೆಳಕಿನಲ್ಲಿಯೂ ಎರಡು ಕಿಡಿಗಳು ಒಂದರ ಪಕ್ಕ ಒಂದು ಹೊಳೆದು ಕಾಣುತ್ತವೆ. ಹಾಗಿರುವಾಗ ಪ್ರಖರ ದೀಪ ಬೇಕೆನ್ನುವುದು ನೋಡುವ ಆಸೆಗಲ್ಲ, ಫೋಟೋದ ಆಸೆಗೆ. ಇದನ್ನೇ ಅಳತೆಗೋಲಾಗಿ ಇಟ್ಟುಕೊಳ್ಳಬಹುದು: ದೂರವಾಣಿಯಲ್ಲಿ ವಿಚಾರಿಸುವಾಗ ‘ಯಾವ ದೀಪ ತರಬೇಕು’ ಎಂದು ಕೇಳಿ. ‘ಎಷ್ಟು ಪವರ್ ಇದ್ದರೆ ಅಷ್ಟು ಒಳ್ಳೆಯದು’ ಎಂದರೆ ಅಲ್ಲಿಗೇ ಮಾತು ಮುಗಿಸಿ. ‘ಮಂದದೀಪ ಸಾಕು, ಕೆಂಪು ಹಾಳೆ ನಾವೇ ಕೊಡುತ್ತೇವೆ’ ಎಂದರೆ ಮುಂದಿನ ಪ್ರಶ್ನೆಗೆ ಹೋಗಬಹುದು.

ಆಗುಂಬೆಯ ಮಳೆ

ಹಾವು ನೋಡಬೇಕೆನ್ನುವವರಿಗೆ ಹಾಗೂ ಒಂದೆರಡು ದಿನ ಬಿಡುವು ಮಾಡಿಕೊಳ್ಳಬಲ್ಲವರಿಗೆ ಆಗುಂಬೆ ಈ ಪದವುಗಳಿಗಿಂತ ಖಂಡಿತ ಮೇಲು. ಮಂಗಳೂರು ದಾಟಿ ಹೋಗಬೇಕಾದ್ದರಿಂದ ಕಾಸರಗೋಡಿನಿಂದ ಅರ್ಧ ದಿನದ ದಾರಿ. ವರ್ಷಕ್ಕೆ ಏಳು ಸಾವಿರ ಮಿಲಿಮೀಟರ್ ಮೀರಿ ಸುರಿಯುವ ಮಳೆ, ಸೋಮೇಶ್ವರ ಅಭಯಾರಣ್ಯದ ಪಕ್ಕದ ದಟ್ಟ ಕಾಡು, ಉರಗತಜ್ಞ ರೊಮುಲಸ್ ವಿಟೇಕರ್ 2005ರಲ್ಲಿ ಕಟ್ಟಿದ ಮಳೆಕಾಡು ಸಂಶೋಧನಾ ಕೇಂದ್ರ, ಕಾಳಿಂಗ ಸರ್ಪದ ಅಧ್ಯಯನ, ಇವೆಲ್ಲದರಿಂದ ಆ ಊರಿಗೆ ಉರಗಾಸಕ್ತರ ನಡುವೆ ಬಂದಿರುವ ಹೆಸರು ಸುಳ್ಳಲ್ಲ. ಹಸಿರು, ಹಳದಿ, ಕಂದು ಎಂದು ಬೇರೆ ಬೇರೆ ಬಣ್ಣಗಳಲ್ಲಿ ಕಾಣುವ ಮಲಬಾರಿನ ಗುಳಿಮಂಡಲ ಹಾವು ಮಳೆಗಾಲದ ರಾತ್ರಿ ಸೊಂಟದೆತ್ತರದ ಕೊಂಬೆಯಲ್ಲಿ ಅಲುಗಾಡದೆ ಕೂತಿರುವುದನ್ನು ಅಲ್ಲಿ ನೋಡುವುದು ಅಪರೂಪವೇನಲ್ಲ. ಆದರೆ ಕಾಳಿಂಗ ಸರ್ಪ ಹಗಲಿನ ಹಾವು. ರಾತ್ರಿ ನಡಿಗೆಯ ಚಿತ್ರಪಟದಲ್ಲಿ ಅದನ್ನು ಹಾಕಿದವರಿಗೆ ಹಾವೂ ಗೊತ್ತಿಲ್ಲ, ಅಥವಾ ಗೊತ್ತಿದ್ದೂ ನಮಗೆ ಗೊತ್ತಿಲ್ಲವೆಂದು ನಂಬಿದ್ದಾರೆ.

ಆಗುಂಬೆಯ ನಡಿಗೆಗಳಲ್ಲಿ ಕ್ಯಾಮೆರಾದವರು ಹೆಚ್ಚು. ಕಪ್ಪೆಯನ್ನು ಕೈಯಲ್ಲಿ ಹಿಡಿದು ‘ಚೆಂದದ’ ಎಲೆಯ ಮೇಲಿಟ್ಟು, ಹಾವನ್ನು ಕೋಲಿನಿಂದ ತಿರುಗಿಸಿ ಚಿತ್ರ ತೆಗೆಯುವ ಚಾಳಿ ಇಂಥ ಜಾಗಗಳಲ್ಲೆಲ್ಲ ಬೇರೂರಿದೆ. ಕಪ್ಪೆ ಚರ್ಮದಿಂದಲೂ ಉಸಿರಾಡುವ, ಚರ್ಮದಿಂದಲೇ ನೀರು ಹೀರುವ ಜೀವಿ. ಸೊಳ್ಳೆ ಮುಲಾಮು, ಸ್ಯಾನಿಟೈಸರ್ ಹಚ್ಚಿದ ಕೈಯಲ್ಲಿ ಅದನ್ನು ಹಿಡಿದರೆ ಅದು ಸಾಯಲೂಬಹುದು. ಕ್ಯಾಮೆರಾ ಇಲ್ಲದೆ ಹೋಗುವವರು ‘ಇದು ಫೋಟೋ ತೆಗೆಯುವವರ ನಡಿಗೆಯೇ, ನೋಡುವವರ ನಡಿಗೆಯೇ’ ಎಂದು ಮೊದಲೇ ಕೇಳಿಕೊಳ್ಳದಿದ್ದರೆ, ಒಂದು ಮರಗಪ್ಪೆಯ ಮುಂದೆ ಮುಕ್ಕಾಲು ಗಂಟೆ ಮಳೆಯಲ್ಲಿ ನಿಂತು ಉಂಬಳಕ್ಕೆ ರಕ್ತ ಕೊಡುವುದಷ್ಟೇ ಆಗುತ್ತದೆ.

ಹೊಳೆಯುವ ಅಣಬೆಯ ಆಸೆಯವರಿಗೆ ಒಂದೆರಡು ಮಾತು ಸಾಕು. ರಾಣಿಪುರದ ಕಾಡಿನಲ್ಲಿ ಬೆಳಕು ಸೂಸುವ ಅಣಬೆ ಇರುವುದು 2024ರ ಸಮೀಕ್ಷೆಯಲ್ಲಿ ಕಂಡುಬಂತು. ಆ ಸುದ್ದಿ ಬಂದ ಮೇಲೆ ರಾತ್ರಿ ಅಲ್ಲಿಗೆ ಹೋಗುವ ಉಮೇದು ಹೆಚ್ಚಿತು; ಆದರೆ ಅದು ಇಲಾಖೆಯವರೊಡನೆ ನಡೆದ ಸಮೀಕ್ಷೆಯೇ ಹೊರತು ಪ್ರವಾಸಿಗರಿಗೆ ತೆರೆದ ದಾರಿಯಲ್ಲ, ಅಲ್ಲಿ ಆನೆಯೂ ಇದೆ.

ಕಡಲತೀರದ ಇರುಳು

ಮಳೆ ಒಗ್ಗದವರಿಗೆ, ಮಂಡಿನೋವಿರುವ ಹಿರಿಯರಿಗೆ, ಡಿಸೆಂಬರ್ ರಜೆಯಲ್ಲಿ ಊರಿಗೆ ಬರುವ ಮಕ್ಕಳಿಗೆ ನಾನು ಹೇಳುವುದು ಕಡಲ ದಾರಿ. ಆಲಿವ್ ರಿಡ್ಲೆ ಕಡಲಾಮೆಗಳು ನವೆಂಬರಿನಿಂದ ಮಾರ್ಚಿನವರೆಗೆ ನಮ್ಮ ತೀರದ ಮರಳಿಗೆ ಬಂದು ಮೊಟ್ಟೆಯಿಡುತ್ತವೆ. ನೀಲೇಶ್ವರದ ಬಳಿಯ ತೈಕ್ಕಡಪ್ಪುರದಲ್ಲಿ ನೆಯ್ತಲ್ ಎಂಬ ಬಳಗದವರು ಬಹುಕಾಲದಿಂದ ಈ ಮೊಟ್ಟೆಗಳನ್ನು ಕಾದು, ಬೇಲಿಯೊಳಗಿನ ಮರಳಿನಲ್ಲಿ ಮರಿಮಾಡಿಸಿ ಕಡಲಿಗೆ ಬಿಡುತ್ತ ಬಂದಿದ್ದಾರೆ. ಒಂದು ಆಮೆ ಒಂದು ಸಲಕ್ಕೆ ನೂರರ ಆಸುಪಾಸು ಮೊಟ್ಟೆಯಿಡುತ್ತದೆ, ಸುಮಾರು ಐವತ್ತು ದಿನಗಳಲ್ಲಿ ಮರಿಗಳು ಹೊರಬರುತ್ತವೆ. ಮರಳಿನ ಬಿಸಿಯೇ ಮರಿ ಹೆಣ್ಣೋ ಗಂಡೋ ಎಂಬುದನ್ನು ತೀರ್ಮಾನಿಸುತ್ತದೆ ಎಂದು ತಿಳಿದಾಗ ನಮ್ಮ ಮನೆಯ ಹುಡುಗಿಯೊಬ್ಬಳು ಮರಳನ್ನು ಮುಟ್ಟಿ ನೋಡಿ ‘ಇವತ್ತು ಹುಡುಗಿಯರೇ’ ಎಂದಳು.

ಆದರೆ ಆಮೆ ಮೇಲೆ ಬರುವುದನ್ನೇ ನೋಡುತ್ತೇನೆಂದು ಹೋಗುವವನಿಗೆ ಹತ್ತು ರಾತ್ರಿ ನಡೆದರೂ ಏನೂ ಕಾಣದೆ ಇರಬಹುದು. ಕಡಲ್ಕೊರೆತ ಮತ್ತು ಕಲ್ಲಿನ ತಡೆಗೋಡೆಯಿಂದಾಗಿ ಮೊಟ್ಟೆಯಿಡಲು ಮರಳೇ ಇಲ್ಲದ ತೀರ ನಮ್ಮಲ್ಲಿ ಹೆಚ್ಚಾಗಿದೆ. ಮರಿ ಬಿಡುವ ದಿನವನ್ನು ಕಾಯುವವರಿಂದ ಮೊದಲೇ ತಿಳಿದುಕೊಂಡು ಹೋದರೆ ನೋಡುವ ಅವಕಾಶ ಹೆಚ್ಚು. ಮರಿಗಳು ದಿಗಂತದಲ್ಲಿ ಹೆಚ್ಚು ಬೆಳಕಿರುವ ದಿಕ್ಕನ್ನೇ ಕಡಲೆಂದು ತಿಳಿದು ಸಾಗುವುದರಿಂದ, ತೀರದಲ್ಲಿ ಟಾರ್ಚು ಹೊತ್ತಿಸುವುದು, ಮೊಬೈಲ್ ಫ್ಲಾಷ್ ಹಾಕುವುದು ಅವುಗಳನ್ನು ರಸ್ತೆಯ ಕಡೆಗೆ ಕರೆದಂತೆ. ಇಲ್ಲಿಯ ನಡಿಗೆ ದೀಪವಿಲ್ಲದೆಯೇ ನಡೆಯಬೇಕು. ಬೆಳ್ದಿಂಗಳಿದ್ದರೆ ಸಾಕು, ಇಲ್ಲದಿದ್ದರೂ ಕಣ್ಣು ಹದಿನೈದು ನಿಮಿಷದಲ್ಲಿ ಹೊಂದಿಕೊಳ್ಳುತ್ತದೆ. ಬಯಲಾಟ ನೋಡಿ ಒಣ ತೆಂಗಿನಗರಿಯ ಸೂಟೆ ಬೀಸುತ್ತ ನಡುರಾತ್ರಿ ಗುಡ್ಡೆ ಇಳಿದು ಮನೆಗೆ ಬರುತ್ತಿದ್ದವರ ಮೊಮ್ಮಕ್ಕಳಿಗೆ ಇದು ಹೊಸದಾಗಿ ಕಲಿಯಬೇಕಾದ ವಿದ್ಯೆಯಾಗಿರುವುದು ಸ್ವಲ್ಪ ತಮಾಷೆಯೇ.

ಹಣ ಕೊಡುವ ಮೊದಲು ಕೇಳಬೇಕಾದದ್ದು

ದೀಪದ ಪ್ರಶ್ನೆಯ ನಂತರದ್ದು ತಲೆಯೆಣಿಕೆ. ಎಂಟು ಜನರಿಗಿಂತ ದೊಡ್ಡ ಗುಂಪಿನಲ್ಲಿ ಹಿಂದಿನವನಿಗೆ ಮುಂದಿನವನ ಬೆನ್ನಲ್ಲದೆ ಬೇರೇನೂ ಕಾಣದು. ಆರು ಜನರಿಗೆ ಒಬ್ಬ ಮಾರ್ಗದರ್ಶಕ ಮತ್ತು ಕೊನೆಯಲ್ಲಿ ನಡೆಯಲು ಒಬ್ಬ ಸಹಾಯಕ ಇದ್ದರೆ ಉತ್ತಮ. ದರದ ವ್ಯತ್ಯಾಸ ಹೆಚ್ಚಾಗಿ ಇಲ್ಲಿಂದಲೇ ಹುಟ್ಟುತ್ತದೆ, ಆದ್ದರಿಂದ ಅಗ್ಗದ ನಡಿಗೆ ಕಂಡಾಗ ಮೊದಲು ಎಣಿಕೆ ಕೇಳಿ. ಗೂಬೆ, ಕಪ್ಪೆಬಾಯಿ ಹಕ್ಕಿಗಳನ್ನು ಕರೆಸಲು ಮೊಬೈಲಿನಲ್ಲಿ ಅವುಗಳ ಕೂಗು ಹಾಕುತ್ತಾರೆಯೇ ಎಂದೂ ವಿಚಾರಿಸಿ. ತನ್ನ ಜಾಗಕ್ಕೆ ಬೇರೊಂದು ಬಂದಿತೆಂದು ನಂಬಿ ಹಕ್ಕಿ ಮರಿಗಳನ್ನೂ ಬೇಟೆಯನ್ನೂ ಬಿಟ್ಟು ಓಡಿಬರುವಂತೆ ಮಾಡುವುದು ತೋರಿಸುವ ಕೌಶಲವಲ್ಲ. ‘ಕಂಡೇ ಕಾಣುತ್ತದೆ, ಇಲ್ಲದಿದ್ದರೆ ಹಣ ವಾಪಸ್’ ಎನ್ನುವವರಿಂದ ದೂರವಿರಿ, ಏಕೆಂದರೆ ಆ ಮಾತನ್ನು ಉಳಿಸಿಕೊಳ್ಳಲು ಅವರು ಪ್ರಾಣಿಯನ್ನು ಹಿಂದಿನ ದಿನವೇ ಹಿಡಿದಿಡಲೂ ಹಿಂಜರಿಯಲಾರರು. ವರ್ಷದಲ್ಲಿ ಕೆಲವೇ ದಿನ ಮಾತ್ರ ನೆಲದಿಂದ ಹೊರಬರುವ, 2003ರಲ್ಲಷ್ಟೇ ವಿಜ್ಞಾನಕ್ಕೆ ಹೊಸ ಜೀವಿಯಾಗಿ ಪರಿಚಯವಾದ ಪಾತಾಳ ಕಪ್ಪೆಯನ್ನು ‘ಯಾವ ಶನಿವಾರ ಬಂದರೂ ತೋರಿಸುತ್ತೇವೆ’ ಎಂದವರನ್ನೂ ನಾನು ಕಂಡಿದ್ದೇನೆ.

ಹಾವಿನ ವಿಷಯದಲ್ಲಿ ಮುಜುಗರ ಬೇಡ. ಹತ್ತಿರದಲ್ಲಿ ಪ್ರತಿವಿಷ ಇರುವ ಆಸ್ಪತ್ರೆ ಯಾವುದು, ಅಲ್ಲಿಗೆ ಎಷ್ಟು ಹೊತ್ತು, ವಾಹನ ನಿಂತಿರುತ್ತದೆಯೇ ಎಂದು ನೇರವಾಗಿ ಕೇಳಿ. ಭಾರತದಲ್ಲಿ ಸಿಗುವ ಪ್ರತಿವಿಷ ನಾಗರ, ಕಟ್ಟುಹಾವು, ಕೊಳಕುಮಂಡಲ, ಗರಗಸಮಂಡಲ ಈ ನಾಲ್ಕಕ್ಕೆ ತಯಾರಾದದ್ದು. ನಮ್ಮ ತೋಟದ ತರಗೆಲೆಯ ನಡುವೆ ಅಡಗಿರುವ ಗೂನುಮೂತಿಯ ಗುಳಿಮಂಡಲಕ್ಕೆ ಅದು ನಾಟುವುದಿಲ್ಲ. ಇದನ್ನು ಅರಿತಿರುವ ಮಾರ್ಗದರ್ಶಕ ನಿಮ್ಮನ್ನು ಚಪ್ಪಲಿಯಲ್ಲಿ ತೋಟಕ್ಕೆ ಇಳಿಯಲು ಬಿಡುವುದಿಲ್ಲ. ಗಂಬೂಟು ಹಾವಿಗೂ ಉಂಬಳಕ್ಕೂ ಮಾತ್ರವಲ್ಲ, ಮಳೆಗಾಲದ ಗದ್ದೆ ನೀರಿನ ಇಲಿಜ್ವರಕ್ಕೂ ತಡೆ. ಕಾಲಲ್ಲಿ ಗಾಯವಿದ್ದವರು ಗದ್ದೆಯ ನಡಿಗೆಯನ್ನು ಮುಂದೂಡಬೇಕು. ಒಂದು ಊರಿನ ಕೆಸರನ್ನು ಬೂಟಿನಲ್ಲಿ ಇನ್ನೊಂದು ಊರಿನ ಹೊಂಡಕ್ಕೆ ಒಯ್ದರೆ ಕಪ್ಪೆಗಳ ರೋಗವೂ ಜೊತೆಗೆ ಹೋಗಬಹುದಾದ್ದರಿಂದ ಮನೆಗೆ ಬಂದೊಡನೆ ತೊಳೆದು ಒಣಗಿಸುವುದು ಒಳ್ಳೆಯದು.

ಹತ್ತು ವರ್ಷದೊಳಗಿನ ಮಕ್ಕಳಿರುವ ಮನೆಯವರು ಪದವುಗಳನ್ನೋ ಕಡಲನ್ನೋ ಆಯ್ದುಕೊಳ್ಳಲಿ, ಒಂದೂವರೆ ಗಂಟೆಗಿಂತ ಹೆಚ್ಚು ಬೇಡ. ಆಗುಂಬೆ ಕಾಲೇಜು ವಯಸ್ಸಿನವರಿಗೂ ತಾಳ್ಮೆಯುಳ್ಳ ದೊಡ್ಡವರಿಗೂ ಸರಿ. ಕಪ್ಪೆಗಾಗಿ ಹೋಗುವವರು ದಿನಾಂಕ ಗೊತ್ತುಮಾಡದೆ ಮಳೆ ನೋಡಿ ಹೊರಡಬೇಕು; ಎರಡು ದಿನ ಬಿಸಿಲು ಬಿದ್ದರೆ ಆ ನಡಿಗೆಯನ್ನು ತಾನಾಗಿಯೇ ಮುಂದಕ್ಕೆ ಹಾಕುವ ಮಾರ್ಗದರ್ಶಕನನ್ನು ಬಿಡಬೇಡಿ.

ನಡೆಯಲಾಗದವರಿಗೂ ಒಂದು ಆಯ್ಕೆಯಿದೆ. ಅಮಾವಾಸ್ಯೆಯ ಆಸುಪಾಸಿನ, ಗಾಳಿಯಿಲ್ಲದ, ತುಂತುರು ನಿಂತ ರಾತ್ರಿ ಮನೆಯ ಹಿತ್ತಿಲಿನಲ್ಲಿ ಎರಡು ಅಡಕೆ ಮರಗಳ ನಡುವೆ ಒಂದು ಬಿಳಿ ಪಂಚೆ ಕಟ್ಟಿ, ಅದರ ಮುಂದೆ ಒಂದು ದೀಪ ತೂಗಬಿಡಿ. ಅರ್ಧ ಗಂಟೆಯೊಳಗೆ ಪಂಚೆಯ ತುಂಬ ಪತಂಗಗಳು, ಮಿಡತೆಗಳು, ದುಂಬಿಗಳು ಕೂರುತ್ತವೆ; ಗೇಣಗಲದ ರೆಕ್ಕೆಯ, ತುದಿಯಲ್ಲಿ ಹಾವಿನ ಹೆಡೆಯಂತೆ ಕಾಣುವ ದೊಡ್ಡ ಪತಂಗವೊಂದು ಬಂದರೆ ಮನೆಯವರೆಲ್ಲ ಎದ್ದು ಬರುತ್ತಾರೆ. ಹತ್ತು ಗಂಟೆಗೆ ದೀಪ ಆರಿಸಿ ಪಂಚೆಯನ್ನು ಮೆಲ್ಲನೆ ಕೊಡವಬೇಕು. ಹಾಗೆಯೇ ಬಿಟ್ಟರೆ ಬೆಳಗ್ಗೆ ಮಡಿವಾಳ ಹಕ್ಕಿಗಳು ಬಂದು ಒಂದನ್ನೂ ಉಳಿಸುವುದಿಲ್ಲ.